ವಾದಿ ತೀರಿಕೊಂಡ ಮೇಲೆ ದಾವೆ ಯಾರದು?

ಚಳ್ಳಕೆರೆ, ಮೊಳಕಾಲ್ಮೂರು ಕಡೆಯ ಜನರಿಗೆ ದೊಡ್ಡ ಕಾಯಿಲೆ ಎಂದರೆ ಮೊದಲಿಗೆ ಒಂದು ಪ್ರಯಾಣ. ತಾಲ್ಲೂಕು ಆಸ್ಪತ್ರೆಯಲ್ಲಿ ಆಗದಿದ್ದರೆ ಚಿತ್ರದುರ್ಗ, ಅಲ್ಲೂ ಆಗದಿದ್ದರೆ ದಾವಣಗೆರೆ. ಮೊಳಕಾಲ್ಮೂರಿನವರಿಗೆ ಬಳ್ಳಾರಿ ಹತ್ತಿರ. ಸಾಲ ಹುಟ್ಟಿದರೆ ಬೆಂಗಳೂರು. ಎಣ್ಣೆ ಗಿರಣಿಯ ಹಮಾಲಿ, ಕಂಬಳಿ ನೇಯುವವರು, ರೇಷ್ಮೆ ಸೀರೆಯ ಮಗ್ಗದವರು, ಶೇಂಗಾ ಬೆಳೆಯುವ ರೈತರು ಎಲ್ಲರೂ ಈ ದಾರಿಯಲ್ಲಿ ಒಮ್ಮೆಯಾದರೂ ಓಡಾಡಿದವರೇ. ಬಹಳಷ್ಟು ಮಂದಿ ಗುಣವಾಗಿ ಮನೆಗೆ ಬರುತ್ತಾರೆ. ಅದಕ್ಕಾಗಿ ವೈದ್ಯರಿಗೆ ಕೃತಜ್ಞರಾಗಿರಬೇಕಾದದ್ದು ನಮ್ಮ ಧರ್ಮ. ಆದರೆ ಕೆಲವರು ಚಿಕಿತ್ಸೆಯಲ್ಲಾದ ಅಲಕ್ಷ್ಯದಿಂದಲೇ ಇನ್ನಷ್ಟು ಕೆಟ್ಟು ಬರುತ್ತಾರೆ. ಅವರಲ್ಲಿ ಬೆರಳೆಣಿಕೆಯ ಮಂದಿ ಮಾತ್ರ ಕೋರ್ಟಿನ ಮೆಟ್ಟಿಲು ಹತ್ತುತ್ತಾರೆ. ಹತ್ತಿದವರಲ್ಲೂ ಕೆಲವರು ತೀರ್ಪು ಬರುವ ಮುನ್ನ ಕಣ್ಣು ಮುಚ್ಚುತ್ತಾರೆ.

ಆಗ ಆ ದಾವೆಯ ಗತಿ ಏನು? ನೊಂದವನೇ ಇಲ್ಲವಾದ ಮೇಲೆ ನೋವಿಗೆ ಪರಿಹಾರ ಕೇಳುವವರು ಯಾರು? ಗಾಯಕ್ಕೆ ಹೂಡಿದ ದಾವೆಗೆ ಸಾವಿನ ಲೆಕ್ಕವನ್ನೂ ಸೇರಿಸಬಹುದೇ? ಇವು ವಕೀಲರು ಮಾತ್ರ ತಲೆ ಕೆಡಿಸಿಕೊಳ್ಳಬೇಕಾದ ಪ್ರಶ್ನೆಗಳೆಂದು ನಾವು ತಿಳಿದಿದ್ದೇವೆ. ಆದರೆ ಇವುಗಳ ಹಿಂದೆ ಒಂದು ಉದ್ದವಾದ ಚರಿತ್ರೆಯಿದೆ. ಸತ್ತವನ ಜೀವಕ್ಕೆ ಲೆಕ್ಕ ಕೇಳುವ ಹಕ್ಕು ಅರಸನದೋ, ಮನೆಯವರದೋ ಎಂಬ ಹಳೆಯ ಜಗಳ ಅದು. ಅದು ಇಂದಿಗೂ ಪೂರ್ತಿ ಬಗೆಹರಿದಿಲ್ಲ.

ಅರಸನ ದಂಡ, ಮನೆಯವರ ಹಕ್ಕು

ವೈದ್ಯನ ತಪ್ಪಿನಿಂದ ಸಾವಾದರೆ ಶಿಕ್ಷೆಯಾಗಬೇಕೆಂಬ ವಿಚಾರ ನಮ್ಮ ನೆಲಕ್ಕೆ ಹೊಸದಲ್ಲ. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಈ ಬಗ್ಗೆ ಸ್ಪಷ್ಟವಾದ ವಿಧಿಯಿದೆ. ಪ್ರಾಣಕ್ಕೆ ಅಪಾಯವಿರುವ ರೋಗವೆಂದು ಮೊದಲೇ ತಿಳಿಸದೆ ವೈದ್ಯನು ಚಿಕಿತ್ಸೆ ಮಾಡಿ ರೋಗಿ ಸತ್ತರೆ ಕೆಳಗಿನ ದರ್ಜೆಯ ದಂಡ; ಚಿಕಿತ್ಸೆಯ ತಪ್ಪಿನಿಂದಲೇ ಸತ್ತರೆ ಮಧ್ಯಮ ದರ್ಜೆಯ ದಂಡ. ಆದರೆ ಆ ದಂಡ ಹೋಗುವುದು ಅರಸನ ಬೊಕ್ಕಸಕ್ಕೆ. ಸತ್ತವನ ಹೆಂಡತಿ ಮಕ್ಕಳು ಏನು ಉಣ್ಣಬೇಕು ಎಂಬುದು ಬೇರೆಯೇ ಮಾತು.

ಇಸ್ಲಾಮೀ ನ್ಯಾಯಶಾಸ್ತ್ರ ಈ ಪ್ರಶ್ನೆಯನ್ನು ಇನ್ನೊಂದು ತುದಿಯಿಂದ ಹಿಡಿಯಿತು. ಅಲ್ಲಿ ಅನ್ಯಾಯದ ಸಾವಿನ ಹಕ್ಕುದಾರರು ಸತ್ತವನ ವಾರಸುದಾರರು. ಉದ್ದೇಶವಿಲ್ಲದೆ ಆದ ಸಾವಿಗೆ ದಿಯತ್, ಅಂದರೆ ಉರ್ದುವಿನಲ್ಲಿ ನಾವು ಖೂನ್‌ಬಹಾ ಎನ್ನುವ ಪರಿಹಾರ, ಅವರಿಗೆ ಸಲ್ಲಬೇಕು. ವೈದ್ಯವಿದ್ಯೆ ತಿಳಿಯದೆ ಚಿಕಿತ್ಸೆಗೆ ಕೈ ಹಾಕಿದವನೇ ಅದರ ಪರಿಣಾಮಕ್ಕೆ ಹೊಣೆ ಎಂಬ ಅರ್ಥದ ಹದೀಸ್ ಅಬೂದಾವೂದ್, ಇಬ್ನ್ ಮಾಜಾ ಸಂಗ್ರಹಗಳಲ್ಲಿದೆ. ವಿದ್ಯೆ ಬಲ್ಲ ವೈದ್ಯನು ರೋಗಿಯ ಒಪ್ಪಿಗೆ ಪಡೆದು, ವಿದ್ಯೆಯ ಕ್ರಮ ಮೀರದೆ ಚಿಕಿತ್ಸೆ ಮಾಡಿಯೂ ರೋಗಿ ಉಳಿಯದಿದ್ದರೆ ಅವನ ಮೇಲೆ ಹೊಣೆಯಿಲ್ಲವೆಂದು ಫಿಕ್ಹ್ ಪಂಡಿತರು ಹೇಳಿದರು. ಎಲ್ಲ ಸಾವೂ ಅಲಕ್ಷ್ಯದ ಸಾವಲ್ಲ ಎಂಬ ವಿವೇಕ ಅದರಲ್ಲಿದೆ. 2005ರಲ್ಲಿ ಜೇಕಬ್ ಮ್ಯಾಥ್ಯೂ ಪ್ರಕರಣದಲ್ಲಿ ನಮ್ಮ ಸುಪ್ರೀಂ ಕೋರ್ಟು ವೈದ್ಯರ ಬಗ್ಗೆ ಹೇಳಿದ ಮಾತಿನ ಸಾರವೂ ಇದಕ್ಕೆ ದೂರವಿಲ್ಲ.

ಬಂಗಾಳದಲ್ಲಿ ಈಸ್ಟ್ ಇಂಡಿಯಾ ಕಂಪನಿ ಅಧಿಕಾರ ಹಿಡಿದಾಗ ಅಲ್ಲಿ ಅಪರಾಧಗಳಿಗೆ ನಡೆಯುತ್ತಿದ್ದುದು ಮುಸ್ಲಿಂ ಕಾನೂನು. 18ನೇ ಶತಮಾನದ ಕೊನೆಯ ದಶಕದಲ್ಲಿ, ಕಾರ್ನ್‌ವಾಲಿಸನ ಸುಧಾರಣೆಗಳಿಂದ ಆರಂಭಿಸಿ, ಕಂಪನಿ ವಾರಸುದಾರರ ಪಾತ್ರವನ್ನು ಒಂದೊಂದಾಗಿ ಕತ್ತರಿಸಿತು. ಕೊಲೆಗಾರನನ್ನು ಕ್ಷಮಿಸುವ ಅವರ ಅಧಿಕಾರ ಹೋಯಿತು. ಖೂನ್‌ಬಹಾದ ಜಾಗದಲ್ಲಿ ಸೆರೆವಾಸ ಬಂತು. ಇದರಲ್ಲಿ ಒಳ್ಳೆಯದೂ ಇತ್ತು: ಹಣವುಳ್ಳವನು ಬಡವನ ಕೊಲೆಯನ್ನು ದುಡ್ಡು ಕೊಟ್ಟು ಮುಗಿಸುವ ದಾರಿ ಮುಚ್ಚಿತು. ಆದರೆ ಕೊಲೆಯಲ್ಲದ, ಅಲಕ್ಷ್ಯದಿಂದಾದ ಸಾವಿನಲ್ಲಿ ಮನೆಯವರಿಗೆ ಇದ್ದ ಹಕ್ಕೂ ಅದರ ಜೊತೆಗೇ ಹೋಯಿತು. ಅಪರಾಧ ಸರ್ಕಾರದ ಸೊತ್ತಾಯಿತು. ವಿಧವೆ ಬರಿಯ ಸಾಕ್ಷಿಯಾದಳು.

ಒಂದು ಕುದುರೆಗಾಡಿ, ಒಂದು ಕಾಯ್ದೆ

ಆ ಹೊತ್ತಿಗೆ ಇಂಗ್ಲೆಂಡಿನ ಸ್ಥಿತಿಯೂ ಚೆನ್ನಾಗಿರಲಿಲ್ಲ. ವೈಯಕ್ತಿಕ ದಾವೆ ವ್ಯಕ್ತಿಯ ಜೊತೆಗೇ ಸಾಯುತ್ತದೆ ಎಂಬ ಲ್ಯಾಟಿನ್ ಸೂತ್ರ ಅಲ್ಲಿ ಶತಮಾನಗಳಿಂದ ನಡೆದು ಬಂದಿತ್ತು. 1808ರಲ್ಲಿ ಬೇಕರ್ ವಿರುದ್ಧ ಬೋಲ್ಟನ್ ಎಂಬ ಮೊಕದ್ದಮೆ ನಡೆಯಿತು. ಪ್ರಯಾಣಿಕರ ಕುದುರೆಗಾಡಿ ಮಗುಚಿ ಒಬ್ಬ ಹೆಂಗಸು ಗಾಯಗೊಂಡು ಸುಮಾರು ಒಂದು ತಿಂಗಳ ನಂತರ ಸತ್ತಳು. ಗಂಡ ದಾವೆ ಹೂಡಿದ. ಹೆಂಡತಿ ನರಳುತ್ತಿದ್ದ ಆ ಒಂದು ತಿಂಗಳ ಮಟ್ಟಿಗೆ ಪರಿಹಾರ ಕೇಳಬಹುದು, ಸಾವಿಗೆ ಮಾತ್ರ ಕೇಳುವಂತಿಲ್ಲ ಎಂಬುದು ನ್ಯಾಯಮೂರ್ತಿ ಲಾರ್ಡ್ ಎಲೆನ್‌ಬರೋ ಅವರ ನಿಲುವು. ಅಂದರೆ ಗಾಯ ಮಾಡಿದವನಿಗಿಂತ ಜೀವ ತೆಗೆದವನಿಗೆ ಖರ್ಚು ಕಡಿಮೆ!

ರೈಲು ಬಂದ ಮೇಲೆ ಈ ಕಾನೂನಿನ ಕ್ರೌರ್ಯ ಎಲ್ಲರ ಕಣ್ಣಿಗೂ ಬಿತ್ತು. 1846ರಲ್ಲಿ ಲಾರ್ಡ್ ಕ್ಯಾಂಪ್‌ಬೆಲ್ ಹೆಸರಿನಿಂದ ಪ್ರಸಿದ್ಧವಾದ ಕಾಯ್ದೆ ಅಲ್ಲಿ ಜಾರಿಯಾಯಿತು. ಒಂಬತ್ತು ವರ್ಷಗಳ ನಂತರ ಅದರ ಅಚ್ಚಿನಲ್ಲೇ ಭಾರತಕ್ಕೆ ಬಂದದ್ದು 1855ರ ಮಾರಕ ಅಪಘಾತಗಳ ಕಾಯ್ದೆ. ಹೆಸರಿನಲ್ಲಿ ಅಪಘಾತ ಎಂದಿದ್ದರೂ ಅದು ರೈಲು, ಗಾಡಿಗಳಿಗೆ ಮಾತ್ರ ಸೀಮಿತವಲ್ಲ. ಯಾರದೇ ತಪ್ಪು, ಅಲಕ್ಷ್ಯ ಅಥವಾ ಕರ್ತವ್ಯಲೋಪದಿಂದ ಸಾವಾದರೂ ಅದು ಅನ್ವಯಿಸುತ್ತದೆ. ವೈದ್ಯಕೀಯ ಅಲಕ್ಷ್ಯದ ಸಾವಿಗೆ ಸಿವಿಲ್ ಕೋರ್ಟಿನಲ್ಲಿ ಇಂದಿಗೂ ಇದೇ ಆಧಾರ. ಅರ್ಧ ಶತಮಾನದ ಹಿಂದೆ ವಾರಸುದಾರರಿಂದ ಕಸಿದುಕೊಂಡಿದ್ದನ್ನು ವಿಲಾಯತಿಯ ದಾರಿಯಲ್ಲಿ ಸುತ್ತಿಸಿ, ಸ್ವಲ್ಪ ಮಟ್ಟಿಗೆ ಹಿಂದಿರುಗಿಸಿದಂತಾಯಿತು.

ಎರಡು ಹಕ್ಕು, ಒಂದೇ ದಾವೆ

ಈ ಪುಟ್ಟ ಕಾಯ್ದೆಯ ಒಳಗೆ ಎರಡು ಬೇರೆ ಬೇರೆ ಹಕ್ಕುಗಳಿವೆ. ಮೊದಲನೆಯದು ಮನೆಯವರದು. ದುಡಿಯುವವನು ಹೋದದ್ದರಿಂದ ಹೆಂಡತಿ ಅಥವಾ ಗಂಡ, ತಂದೆ ತಾಯಿ, ಮಕ್ಕಳು ಅನುಭವಿಸುವ ನಷ್ಟ. ಎರಡನೆಯದು ಸತ್ತವನ ಆಸ್ತಿಗೆ ಆದ ನಷ್ಟ. ಒಂದು ವಿಷಯಕ್ಕೆ ಒಂದೇ ದಾವೆ ಎಂದು ಹೇಳುವ ಎರಡನೆಯ ಕಲಮು, ಅದೇ ದಾವೆಯಲ್ಲಿ ಆಸ್ತಿನಷ್ಟದ ಬೇಡಿಕೆಯನ್ನೂ ಸೇರಿಸಲು ಅವಕಾಶ ಕೊಡುತ್ತದೆ. ಮದರಾಸು ಪ್ರಾಂತ್ಯದ ಬಸ್ ಅಪಘಾತವೊಂದರಿಂದ ಹುಟ್ಟಿದ ಗೋಬಾಲ್ಡ್ ಮೋಟಾರ್ ಸರ್ವೀಸ್ ಪ್ರಕರಣದಲ್ಲಿ (1962ರ ಕಾನೂನು ವರದಿಗಳಲ್ಲಿ ಪ್ರಕಟ) ಸುಪ್ರೀಂ ಕೋರ್ಟು ಇವೆರಡೂ ಪ್ರತ್ಯೇಕ ಹಕ್ಕುಗಳು, ಆದರೆ ಒಂದೇ ನಷ್ಟವನ್ನು ಎರಡು ಬಾರಿ ಎಣಿಸಬಾರದು ಎಂದು ವಿವರಿಸಿತು.

ಒಂದು ಉದಾಹರಣೆ ಇಟ್ಟುಕೊಳ್ಳೋಣ. ಇದು ಕಲ್ಪಿತ. ಚಳ್ಳಕೆರೆಯ ಎಣ್ಣೆ ಗಿರಣಿಯ ಹಮಾಲಿಯೊಬ್ಬ ಶಸ್ತ್ರಚಿಕಿತ್ಸೆಯಲ್ಲಾದ ಅಲಕ್ಷ್ಯದಿಂದ ದುಡಿಯುವ ಶಕ್ತಿ ಕಳೆದುಕೊಂಡು ಆಸ್ಪತ್ರೆಯ ಮೇಲೆ ದಾವೆ ಹೂಡಿದ್ದಾನೆ. ದಾವೆ ನಡೆಯುತ್ತಿರುವಾಗಲೇ ತೀರಿಕೊಂಡ. ಮನೆಯಲ್ಲಿ ಹೆಂಡತಿ, ಮುದಿ ತಾಯಿ, ಬದುಕಿರುವ ಒಬ್ಬ ಮಗ, ಮೊದಲೇ ತೀರಿಹೋದ ಇನ್ನೊಬ್ಬ ಮಗನ ಕೂಸು, ಒಬ್ಬ ತಮ್ಮ. ಆಸ್ಪತ್ರೆಗೆ ಸುರಿದ ಹಣ, ಕಳೆದುಕೊಂಡ ಕೂಲಿ ಇವು ಆಸ್ತಿಯ ಲೆಕ್ಕಕ್ಕೆ ಸೇರಿ ವಾರಸುದಾರರಿಗೆ ಅವರವರ ವೈಯಕ್ತಿಕ ಕಾನೂನಿನಂತೆ ಹಂಚಿಕೆಯಾಗುತ್ತವೆ. ಮುಸ್ಲಿಂ ಕುಟುಂಬವಾದರೆ, ಚಿಕ್ಕಪ್ಪ ಬದುಕಿರುವಾಗ ತಬ್ಬಲಿ ಮೊಮ್ಮಗನಿಗೆ ಈ ಪಾಲು ಸಿಗುವುದಿಲ್ಲ. ಆದರೆ 1855ರ ಕಾಯ್ದೆಯ ಪ್ರಕಾರ ಮಕ್ಕಳು ಎಂದರೆ ಮೊಮ್ಮಕ್ಕಳೂ ಸೇರಿ. ಅಜ್ಜನ ಅನ್ನದಲ್ಲಿ ಬೆಳೆಯುತ್ತಿದ್ದ ಕೂಸಿಗೆ ತನ್ನ ನಷ್ಟಕ್ಕೆ ತಕ್ಕ ಪಾಲು ಅಲ್ಲಿ ಉಂಟು. ಈ ಒಂದು ಅಂಶ ತಿಳಿಯದೆ ದಾವೆಯಲ್ಲಿ ಮೊಮ್ಮಗನ ಹೆಸರನ್ನೇ ಬರೆಸದಿದ್ದರೆ ಹೋಗುವುದು ಆ ತಬ್ಬಲಿಯ ಬದುಕು.

ತಮ್ಮನಿಗೆ ಮಾತ್ರ ಈ ಕಾಯ್ದೆಯಲ್ಲಿ ಸ್ಥಾನವಿಲ್ಲ. ಅಣ್ಣನ ದುಡಿಮೆಯಲ್ಲಿ ತಮ್ಮಂದಿರು, ತಂಗಿಯರು ಬದುಕುವುದು ನಮ್ಮ ಊರುಗಳಲ್ಲಿ ಮನೆಮನೆಯ ಕತೆ. 1987ರಲ್ಲಿ ಗುಜರಾತಿನ ಸಾರಿಗೆ ಸಂಸ್ಥೆಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಈ ಸತ್ಯವನ್ನು ಗುರುತಿಸಿ, ವಾಹನ ಅಪಘಾತದಲ್ಲಿ ಸಹೋದರನೂ ಪರಿಹಾರ ಕೇಳಬಹುದು ಎಂದಿತು. ಆಸ್ಪತ್ರೆಯ ಸಾವಿಗೆ ಅನ್ವಯಿಸುವ 1855ರ ಪಟ್ಟಿ ಮಾತ್ರ ಇದ್ದಂತೆಯೇ ಇದೆ.

ಸಾವಿನ ಕಾರಣವೇ ದಾವೆಯ ಪ್ರಾಣ

ಇನ್ನು ಹಮಾಲಿ ತಾನೇ ಹೂಡಿದ್ದ ಮೂಲ ದಾವೆಯ ಮಾತು. 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆಯ 306ನೇ ಕಲಮು ಹಳೆಯ ಲ್ಯಾಟಿನ್ ಸೂತ್ರವನ್ನು ಅರ್ಧ ಉಳಿಸಿಕೊಂಡಿದೆ. ಸತ್ತವನ ಎಲ್ಲ ಹಕ್ಕುಗಳೂ ವಾರಸುದಾರರಿಗೆ ಬರುತ್ತವೆ. ಆದರೆ ಮಾನಹಾನಿ, ಹಲ್ಲೆ ಮತ್ತು ಸಾವಿಗೆ ಕಾರಣವಾಗದ ದೇಹದ ಗಾಯಗಳ ಹಕ್ಕು ಬರುವುದಿಲ್ಲ. ಕಾಯ್ದೆಯೇ ಕೊಟ್ಟಿರುವ ಉದಾಹರಣೆಯಲ್ಲಿ ರೈಲು ಡಿಕ್ಕಿಯಲ್ಲಿ ಬಲವಾಗಿ ಪೆಟ್ಟು ತಿಂದ, ಆದರೆ ಆ ಪೆಟ್ಟಿನಿಂದ ಸಾಯದ ಪ್ರಯಾಣಿಕನೊಬ್ಬ ದಾವೆ ಹೂಡದೆ ಮುಂದೆಂದೋ ತೀರಿಕೊಳ್ಳುತ್ತಾನೆ. ಅವನ ಹಕ್ಕು ಅವನೊಂದಿಗೇ ಮುಗಿಯಿತು.

ಹಾಗಾಗಿ ಹಮಾಲಿ ಆ ಶಸ್ತ್ರಚಿಕಿತ್ಸೆಯ ಪರಿಣಾಮವಾಗಿಯೇ ಸತ್ತನೆಂದು ತೋರಿಸಿದರೆ ಅವನ ದಾವೆಯೂ ಉಳಿಯುತ್ತದೆ, ಮನೆಯವರ ಹೊಸ ಹಕ್ಕೂ ಹುಟ್ಟುತ್ತದೆ. ಬೇರೆ ಕಾಯಿಲೆಯಿಂದ ಸತ್ತನೆಂದಾದರೆ ಅವನು ವರ್ಷಗಟ್ಟಲೆ ಉಂಡ ನೋವಿಗೆ ಕಾನೂನಿನಲ್ಲಿ ಬೆಲೆಯಿಲ್ಲ. ಆಸ್ತಿಗಾದ ನಷ್ಟ ಮಾತ್ರ ಉಳಿಯುತ್ತದೆ.

ಕರ್ನಾಟಕದಿಂದ ಹೋದ ಒಂದು ಪ್ರಕರಣ ಈ ವಿಷಯದಲ್ಲಿ ದೇಶಕ್ಕೇ ದಾರಿ ತೋರಿಸಿತು. 1988ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದ ವೀರಪ್ಪ ವಿರುದ್ಧ ಎವೆಲಿನ್ ಸಿಕ್ವೇರಾ ಪ್ರಕರಣ ಅದು. ಅಲ್ಲಿ ಆರೋಪವಿದ್ದದ್ದು ವೈದ್ಯರ ಮೇಲಲ್ಲ, ವಕೀಲರ ಮೇಲೆ. ವೃತ್ತಿಯಲ್ಲಿ ಅಲಕ್ಷ್ಯ ತೋರಿದರೆಂದು ಕಕ್ಷಿದಾರರು ದಾವೆ ಹೂಡಿ, ಅದು ಇತ್ಯರ್ಥವಾಗುವ ಮುನ್ನವೇ ತೀರಿಕೊಂಡರು. ವಾರಸುದಾರರು ಮುಂದುವರಿಸಬಹುದೇ ಎಂಬುದೇ ಪ್ರಶ್ನೆ. ಬೇಡಿಕೆ ಪೂರ್ತಿಯಾಗಿ ವೈಯಕ್ತಿಕ ಹಾನಿಯ ಮೇಲೆ ನಿಂತಿದ್ದರೆ ದಾವೆ ಮುಗಿಯುತ್ತದೆ. ಪೂರ್ತಿಯಾಗಿ ಒಪ್ಪಂದದ ಭಂಗದ ಮೇಲೆ ನಿಂತಿದ್ದರೆ ಪೂರ್ತಿ ಉಳಿಯುತ್ತದೆ. ಎರಡೂ ಬೆರೆತಿದ್ದರೆ ಒಪ್ಪಂದದ ಭಾಗ ಉಳಿದು ಇನ್ನೊಂದು ಭಾಗ ಬೀಳುತ್ತದೆ ಎಂದು ಕೋರ್ಟು ಹೇಳಿತು. ಆರೋಪ ನಿಜವೋ ಸುಳ್ಳೋ ಎಂಬ ತೀರ್ಪು ಅಲ್ಲಿ ಆಗಲಿಲ್ಲ. ಆದರೆ ಒಂದು ಪಾಠ ಉಳಿಯಿತು: ವಾದಪತ್ರ ಬರೆಯುವ ದಿನವೇ ಅಲಕ್ಷ್ಯದ ಮಾತಿನ ಜೊತೆಗೆ ಶುಲ್ಕ ಪಡೆದು ಮಾಡಿಕೊಂಡ ಒಪ್ಪಂದದ ಮಾತನ್ನೂ, ಖರ್ಚು ಮತ್ತು ಕೂಲಿನಷ್ಟದ ವಿವರವನ್ನೂ ಬರೆಸಿರಬೇಕು. ವಾದಿ ಬದುಕಿರುವಾಗ ಬರೆಸಿದ ಆ ಒಂದು ಪ್ಯಾರಾ ಅವನು ಸತ್ತ ಮೇಲೆ ಮನೆಯವರನ್ನು ಕಾಯಬಹುದು.

1990ರಲ್ಲಿ ನಮ್ಮ ಹೈಕೋರ್ಟಿನ ಪೂರ್ಣಪೀಠ ಕಣ್ಣಮ್ಮ ಪ್ರಕರಣದಲ್ಲಿ ಬಸ್ ಅಪಘಾತದ ಗಾಯಾಳುಗಳಿಗೂ ಇದೇ ನಿಯಮ ಹೇಳಿತು. ಗಾಯದಿಂದಲ್ಲದೆ ಬೇರೆ ಕಾರಣದಿಂದ ಸತ್ತರೆ ನೋವಿನ ಪರಿಹಾರವಿಲ್ಲ, ಆಸ್ತಿನಷ್ಟ ಮಾತ್ರ.

ಇತ್ತೀಚಿನ ಒಂದು ಬದಲಾವಣೆಯನ್ನು ಇಲ್ಲಿ ಗಮನಿಸಬೇಕು. ವಾಹನಗಳ ವಿಷಯದಲ್ಲಿ ಈ ನಿಯಮವನ್ನು ಸಂಸತ್ತು ಈಗ ತೆಗೆದುಹಾಕಿದೆ. 2019ರಲ್ಲಿ ಮೋಟಾರು ವಾಹನ ಕಾಯ್ದೆಗೆ ಮಾಡಿದ ತಿದ್ದುಪಡಿ 2022ರ ಏಪ್ರಿಲ್ 1ರಿಂದ ಜಾರಿಗೆ ಬಂತು. ಅದರ ಪ್ರಕಾರ ಗಾಯಾಳು ಯಾವ ಕಾರಣದಿಂದಲೇ ಸಾಯಲಿ, ಅವನ ಹಕ್ಕು ವಾರಸುದಾರರಿಗೆ ಉಳಿಯುತ್ತದೆ. ಲ್ಯಾಟಿನ್ ಸೂತ್ರದ ತವರಾದ ಇಂಗ್ಲೆಂಡು 1934ರಲ್ಲೇ ಮಾನಹಾನಿಯಂಥ ಕೆಲವನ್ನು ಬಿಟ್ಟು ಮಿಕ್ಕೆಲ್ಲದರಲ್ಲೂ ಆ ಸೂತ್ರವನ್ನು ಕೈಬಿಟ್ಟಿತ್ತು. ಬಳ್ಳಾರಿ ರಸ್ತೆಯಲ್ಲಿ ಲಾರಿ ಬಡಿದವನ ದಾವೆ ಅವನ ನಂತರವೂ ಬದುಕುತ್ತದೆ. ಅದೇ ರಸ್ತೆಯಲ್ಲಿ ಆಂಬುಲೆನ್ಸಿನಲ್ಲಿ ಹೋಗಿ ಚಿಕಿತ್ಸೆಯ ಅಲಕ್ಷ್ಯದಿಂದ ಅಂಗಹೀನನಾದವನ ದಾವೆ, ಅವನು ನಾಳೆ ಬೇರೆ ಜ್ವರದಿಂದ ಸತ್ತರೆ, ಅರ್ಧ ಸಾಯುತ್ತದೆ. ಈ ಭೇದಕ್ಕೆ ನ್ಯಾಯವಾದ ಕಾರಣ ನಮಗಂತೂ ಕಾಣುವುದಿಲ್ಲ.

ಶೋಕದ ದಿನಗಳೂ ಕಾಲಮಿತಿಯೂ

ಕಾನೂನಿನ ಗಡಿಯಾರ ಮನೆಯ ಶೋಕಕ್ಕಾಗಿ ನಿಲ್ಲುವುದಿಲ್ಲ. ವಾದಿ ಸತ್ತರೆ ವಾರಸುದಾರರು 90 ದಿನಗಳೊಳಗೆ ತಮ್ಮ ಹೆಸರು ಸೇರಿಸಲು ಅರ್ಜಿ ಹಾಕಬೇಕು. ಇಲ್ಲವಾದರೆ ದಾವೆ ತಾನಾಗಿಯೇ ಬೀಳುತ್ತದೆ. ಬಿದ್ದದ್ದನ್ನು ಎತ್ತಿಕೊಳ್ಳಲು ಮತ್ತೆ 60 ದಿನ. ಅದೂ ಮೀರಿದರೆ ತಡವಾದುದಕ್ಕೆ ಒಪ್ಪುವಂಥ ಕಾರಣ ಕೊಟ್ಟು ಕೋರ್ಟಿನ ಮನ ಒಲಿಸಬೇಕು. ಮುಸ್ಲಿಂ ವಿಧವೆಯ ಇದ್ದತ್ ನಾಲ್ಕು ಚಾಂದ್ರಮಾನ ತಿಂಗಳು ಹತ್ತು ದಿನ, ಅಂದರೆ ಸುಮಾರು 128 ದಿನ. ಇದ್ದತ್ ಮುಗಿದ ಮೇಲೆ ನೋಡೋಣ ಎಂದು ಹಿರಿಯರು ಕೂತರೆ 90 ದಿನ ಎಂದೋ ಕಳೆದಿರುತ್ತದೆ. ಮುಂದಿನ 60ರಲ್ಲಿ ಉಳಿಯುವುದು 20 ದಿನ ಚಿಲ್ಲರೆ. ವಕಾಲತ್ತಿಗೆ ಮನೆಯಲ್ಲೇ ಸಹಿ ಮಾಡಬಹುದು. ಮಗನೋ ಮಗಳೋ ಮುಂದಾಗಿ ಅರ್ಜಿ ಹಾಕಬಹುದು. ತೀರಾ ಅಗತ್ಯವಿದ್ದಾಗ ಹೊರಗೆ ಹೋಗುವುದನ್ನು ಧರ್ಮವೂ ತಡೆಯುವುದಿಲ್ಲ. ತಡೆಯುವುದು ನಮ್ಮ ಅರಿವಿನ ಕೊರತೆ.

ಹೆಸರು ಸೇರಿಸುವುದು ಒಂದು ಕೆಲಸ. ಸಾವಿನ ಬೇಡಿಕೆ ಸೇರಿಸುವುದು ಇನ್ನೊಂದು. 1855ರ ಕಾಯ್ದೆಯ ಬೇಡಿಕೆಗೆ ಸಾವಿನ ದಿನದಿಂದ ಎರಡು ವರ್ಷದ ಕಾಲಮಿತಿ. ನಡೆಯುತ್ತಿರುವ ದಾವೆಗೆ ಅದನ್ನು ಸೇರಿಸಲು ವಾದಪತ್ರದ ತಿದ್ದುಪಡಿಗೆ ಅರ್ಜಿ ಬೇಕು. 2002ರ ನಂತರ, ವಿಚಾರಣೆ ಶುರುವಾದ ಮೇಲೆ ಬರುವ ತಿದ್ದುಪಡಿಯನ್ನು, ಎಚ್ಚರ ವಹಿಸಿದರೂ ಮೊದಲೇ ತರಲು ಆಗುತ್ತಿರಲಿಲ್ಲ ಎಂದು ತೋರಿಸಿದರೆ ಮಾತ್ರ ಕೋರ್ಟು ಒಪ್ಪುತ್ತದೆ. ನಡುವೆ ಆದ ಸಾವಿಗಿಂತ ದೊಡ್ಡ ಕಾರಣ ಬೇಕಿಲ್ಲ. ಆದರೆ ಸಾವಾಗಿ ಎರಡು ವರ್ಷ ಸುಮ್ಮನಿದ್ದವರಿಗೆ ಆ ಮಾತು ಆಸರೆಯಾಗುವುದು ಕಷ್ಟ.

ಸಾವಿನ ಕಾರಣವನ್ನು ಸಾಬೀತು ಮಾಡುವ ದಾಖಲೆಯೂ ಆ ಶೋಕದ ದಿನಗಳಲ್ಲೇ ಸಿಗಬೇಕು. ಮಣ್ಣು ಮಾಡುವ ಅವಸರದಲ್ಲಿ ಮರಣೋತ್ತರ ಪರೀಕ್ಷೆ ಬೇಡವೆನ್ನುವುದು ಹಿಂದೂ ಮುಸ್ಲಿಮರೆನ್ನದೆ ಎಲ್ಲ ಮನೆಗಳಲ್ಲೂ ಉಂಟು. ನ್ಯಾಯದ ಅಗತ್ಯವಿದ್ದಲ್ಲಿ ಅದಕ್ಕೆ ಅವಕಾಶವಿದೆಯೆಂದು ಅನೇಕ ಉಲಮಾಗಳು ಹೇಳಿದ್ದಾರೆ. ವೈದ್ಯರ ವೃತ್ತಿ ನಡತೆಯ 2002ರ ನಿಯಮಗಳಂತೆ, ಕೇಳಿದ 72 ಗಂಟೆಗಳೊಳಗೆ ಚಿಕಿತ್ಸೆಯ ದಾಖಲೆ ಕೊಡಬೇಕು. ಒಳರೋಗಿಯ ದಾಖಲೆಯನ್ನು ಮೂರು ವರ್ಷ ಕಾಪಾಡಬೇಕು. ಕೇಳುವುದು ನಮ್ಮ ಕೆಲಸ, ಅದೂ ಬರವಣಿಗೆಯಲ್ಲಿ.

ಉಚಿತ ಚಿಕಿತ್ಸೆಯವರ ಪಾಡು

ಗ್ರಾಹಕರ ಕಾನೂನು ಬಂದ ಮೇಲೆ ಇದೆಲ್ಲ ಸುಲಭವಾಯಿತಲ್ಲವೇ ಎಂದು ಕೇಳುವವರಿದ್ದಾರೆ. ನಿಜ, ಕೆಲವರಿಗೆ ಆಯಿತು. 1995ರ ನವೆಂಬರಿನಲ್ಲಿ ವಿ.ಪಿ. ಶಾಂತಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹಣ ಪಡೆದು ನೀಡುವ ವೈದ್ಯಕೀಯ ಸೇವೆ ಗ್ರಾಹಕರ ಕಾಯ್ದೆಗೆ ಒಳಪಡುತ್ತದೆ ಎಂದಿತು. 2003ರ ಮಾರ್ಚಿನಿಂದ ಜಾರಿಯಾದ ತಿದ್ದುಪಡಿಯಲ್ಲಿ, ಗ್ರಾಹಕ ಸತ್ತರೆ ಅವನ ವಾರಸುದಾರನೂ ದೂರುದಾರನೇ ಎಂಬ ಮಾತು ಸೇರಿತು. 2019ರ ಹೊಸ ಕಾಯ್ದೆಯಲ್ಲೂ ಅದು ಮುಂದುವರಿದಿದೆ. ಅಲ್ಲೂ ದೂರಿಗೆ ಕಾಲಮಿತಿ ಎರಡೇ ವರ್ಷ. ಕೊಲ್ಕತ್ತಾದ ಆಸ್ಪತ್ರೆಯ ಅಲಕ್ಷ್ಯದಿಂದ 1998ರಲ್ಲಿ ತೀರಿಕೊಂಡ ಅನುರಾಧಾ ಸಹಾ ಅವರ ಪತಿ, ತಾವೇ ವೈದ್ಯರಾಗಿದ್ದ ಕುನಾಲ್ ಸಹಾ, ಈ ದಾರಿಯಲ್ಲೇ ಹೋಗಿ 2013ರಲ್ಲಿ ಸುಮಾರು 6 ಕೋಟಿ ರೂಪಾಯಿ ಪರಿಹಾರದ ತೀರ್ಪು ಪಡೆದರು. ಆದರೆ ಅವರಿಗೂ 15 ವರ್ಷ ಬೇಕಾಯಿತು.

ಶಾಂತಾ ತೀರ್ಪಿನಲ್ಲೇ ಇನ್ನೊಂದು ಮಾತಿದೆ. ಎಲ್ಲರಿಗೂ ಪೂರ್ತಿ ಉಚಿತವಾಗಿ ಚಿಕಿತ್ಸೆ ಕೊಡುವ ಆಸ್ಪತ್ರೆ ಈ ಕಾಯ್ದೆಯ ಹೊರಗೆ. ಅಂದರೆ ದುಡ್ಡು ಕೊಟ್ಟವನಿಗೆ ಗ್ರಾಹಕರ ಆಯೋಗ, ದುಡ್ಡಿಲ್ಲದವನಿಗೆ ಸಿವಿಲ್ ಕೋರ್ಟು. ಅಲ್ಲಿ ಕೇಳಿದ ಮೊತ್ತಕ್ಕೆ ತಕ್ಕ ಕೋರ್ಟ್ ಫೀ ಕಟ್ಟಬೇಕು. ಸರ್ಕಾರದ ಮೇಲಾದರೆ ಮೊದಲು ಎರಡು ತಿಂಗಳ ನೋಟಿಸು ಕೊಡಬೇಕು. ಬಡವನೆಂದು ಸಾಬೀತುಪಡಿಸಿ ಫೀ ಇಲ್ಲದೆ ದಾವೆ ನಡೆಸುವ ದಾರಿಯಿದೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಮಹಿಳೆಯರಿಗೆ, ಮಕ್ಕಳಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಉಚಿತ ಕಾನೂನು ನೆರವಿನ ಹಕ್ಕಿದೆ. ನಾಯಕರು, ಲಂಬಾಣಿಗಳು ಹೆಚ್ಚಾಗಿರುವ ಈ ಎರಡು ತಾಲ್ಲೂಕುಗಳಲ್ಲಿ ಬಹುಪಾಲು ವಿಧವೆಯರಿಗೆ ಈ ಬಾಗಿಲು ತೆರೆದೇ ಇದೆ. ಆ ಬಾಗಿಲನ್ನು ತೋರಿಸುವವರು ಕಡಿಮೆ.

2024ರ ನವೆಂಬರಿನಲ್ಲಿ ಬಳ್ಳಾರಿಯ ಸರ್ಕಾರಿ ಆಸ್ಪತ್ರೆಯಲ್ಲಿ ಸಿಸೇರಿಯನ್ ಹೆರಿಗೆಯಾದ ಬಾಣಂತಿಯರು ಒಬ್ಬರ ಹಿಂದೆ ಒಬ್ಬರಂತೆ ತೀರಿಕೊಂಡಾಗ ನಾಡೇ ಕಂಗಾಲಾಯಿತು. ಅವರಿಗೆ ಕೊಟ್ಟ ಡ್ರಿಪ್ ದ್ರಾವಣದ ಗುಣಮಟ್ಟದ ಬಗ್ಗೆ ಪ್ರಶ್ನೆ ಎದ್ದಿತು. ಸರ್ಕಾರ ಪರಿಹಾರ ಘೋಷಿಸಿತು. ಘೋಷಿಸಿದ್ದು ಒಳ್ಳೆಯದೇ. ಆದರೆ ಘೋಷಣೆಯ ಪರಿಹಾರ ದಯೆ. ಅದು ಸುದ್ದಿಯಾದ ಸಾವಿಗೆ ಸಿಗುತ್ತದೆ, ಸುದ್ದಿಯಾಗದ ಸಾವಿಗೆ ಸಿಗುವುದಿಲ್ಲ. ಇಂತಿಷ್ಟೇ ಏಕೆ ಎಂದು ಅದನ್ನು ಪ್ರಶ್ನಿಸುವಂತಿಲ್ಲ. ಯಾರ ತಪ್ಪು ಎಂಬುದನ್ನೂ ಅದು ಹೇಳುವುದಿಲ್ಲ.

ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯ ಬಂಡೆಯ ಮೇಲೆ ಅಶೋಕನ ಶಾಸನವಿದೆ. 1892ರಲ್ಲಿ ಬಿ.ಎಲ್. ರೈಸ್ ಅದನ್ನು ಬೆಳಕಿಗೆ ತಂದರು. ಹೆತ್ತವರ ಮಾತು ಕೇಳಬೇಕು, ಜೀವಿಗಳಲ್ಲಿ ದಯೆ ಗಟ್ಟಿಯಾಗಿರಬೇಕು, ಸತ್ಯ ನುಡಿಯಬೇಕು ಎಂಬುದು ಅದರ ಉಪದೇಶದ ತಿರುಳು. ಅರಸನ ದಯೆ ಎರಡು ಸಾವಿರ ವರ್ಷಗಳ ಹಿಂದೆಯೇ ಈ ನೆಲಕ್ಕೆ ಬಂದಿತ್ತು ಎಂಬುದು ಹೆಮ್ಮೆಯ ವಿಷಯ. ಇನ್ನೂ ಪೂರ್ತಿ ಬಾರದಿರುವುದು ಹಕ್ಕು. ರಸ್ತೆಯ ಗಾಯಾಳುವಿಗೆ 2019ರಲ್ಲಿ ಕೊಟ್ಟ ಆ ಒಂದು ಉಪಕಲಮನ್ನು ಆಸ್ಪತ್ರೆಯ ಗಾಯಾಳುವಿಗೂ ಕೊಡಬೇಕು, 1855ರ ಪಟ್ಟಿಯಲ್ಲಿ ಒಡಹುಟ್ಟಿದವರಿಗೂ ಜಾಗ ಮಾಡಬೇಕು ಎಂದು ನಮ್ಮ ಸಂಸದರನ್ನು ಕೇಳಲು ನಾವು ಹಿಂಜರಿಯಬೇಕಾಗಿಲ್ಲ. ಅಲ್ಲಿಯವರೆಗೆ, ನಮ್ಮ ಓಣಿಯಲ್ಲಿ ಇಂಥ ಸಾವಾದ ಮನೆಗೆ ಸಾಂತ್ವನ ಹೇಳಲು ಹೋದಾಗ ತೊಂಬತ್ತು ದಿನದ ಮಾತನ್ನೂ, ಎರಡು ವರ್ಷದ ಮಾತನ್ನೂ ಮೆಲ್ಲಗೆ ತಿಳಿಸಿ ಬರುವ ಕೆಲಸವನ್ನಾದರೂ ನಾವು ಮಾಡಬಹುದು.